ಉದ್ಯಾನದ ಮಾಹಿತಿ ಪೆಟ್ಟಿಗೆ

ಕಳಸದ ಸೈಬರ್ ಅಂಗಡಿಯಲ್ಲಿ ಬೆಂಗಳೂರಿನವರೊಬ್ಬರು ಇಂಟರ್ನೆಟ್ ವಿಶ್ವಕೋಶಕ್ಕೆ ಕುದುರೆಮುಖ ರಾಷ್ಟ್ರೀಯ ಉದ್ಯಾನದ ವಿವರ ತುಂಬುತ್ತಿದ್ದರು. ದೇಶದ ಎಲ್ಲ ಉದ್ಯಾನಗಳಿಗೂ ಒಂದೇ ಥರದ ಮಾಹಿತಿ ಪೆಟ್ಟಿಗೆ, ಅಂದರೆ ಪುಟದ ಬದಿಯಲ್ಲಿ ಮುಖ್ಯ ವಿವರ ಸಾಲುಸಾಲಾಗಿ ಕಾಣುವ ಚೌಕ, ಮಾಡಿದ್ದು ತಾವೇ ಎಂದು ಹೇಳಿ ತೋರಿಸಿದರು. ವಿಸ್ತೀರ್ಣ, ಹತ್ತಿರದ ಊರು, ಪ್ರಾಣಿಗಳು, ಎಲ್ಲ ಇದ್ದವು. ಉದ್ಯಾನದೊಳಗೇ ಗದ್ದೆ ಮಾಡಿಕೊಂಡಿರುವ ನಮ್ಮ ಹಳ್ಳಿಗಳು ಮಾತ್ರ ಇರಲಿಲ್ಲ. ಅದೇ ವಾರ ನಮಗೆ ಒಕ್ಕಲೆಬ್ಬಿಸುವ ನೋಟಿಸ್ ಬಂದಿತ್ತು.

“ಒಳಗೆ ಜನ ಇದ್ದೀವಿ ಮಾರಾಯ್ರೇ. ಅದನ್ನೂ ಬರೀರಿ.”

“ಜನರಿಗೆ ಅಂತ ಇದರಲ್ಲಿ ಸಾಲೇ ಇಲ್ಲ ಸಾರ್. ನಿಮಗೊಂದು ಸೇರಿಸಿದ್ರೆ ಪೆಟ್ಟಿಗೆಗಳು ಒಂದೇ ಥರ ಇರಲ್ಲ.”

“ಹಾಗಾದ್ರೆ ಪ್ರಾಣಿಗಳ ಸಾಲಲ್ಲೇ ಹಾಕಿ. ಅವುಗಳನ್ನ ಯಾರೂ ಒಕ್ಕಲೆಬ್ಬಿಸೋದಿಲ್ಲ.”

ಅವರು ನಗಲಿಲ್ಲ. “ಅಲ್ಲಿ ಅಪರೂಪದವು ಮಾತ್ರ ಸಾರ್.”

“ಸ್ವಲ್ಪ ಜಾಗ ಬಿಟ್ಟಿರಿ,” ಎಂದೆ. “ನೋಟಿಸ್ ಕೊಟ್ಟವರು ಕೆಲಸ ಮುಗಿಸಲಿ, ನಾವೂ ಅಪರೂಪ ಆಗ್ತೀವಿ.”