ಡಾಲರ್ ಬೀಗ

ಹರಿಹರದ ಆ ನೂಲಿನ ಮಿಲ್ಲಿನಲ್ಲಿ ಕಂಪ್ಯೂಟರ್ ಕೋಣೆಗೆ ಚಪ್ಪಲಿ ಬಿಟ್ಟೇ ಹೋಗಬೇಕಿತ್ತು. ನಗಬೇಡಿ, ಎಂಬತ್ತೆಂಟರ ಮಾತು. ಧೂಳು ತಾಗಿದರೆ ಪೆಟ್ಟಿಗೆ ಸತ್ತೇ ಹೋಗುತ್ತದೆ ಅಂತ ಎಲ್ಲರೂ ನಂಬಿದ್ದರು. ಅದಕ್ಕೆ ಎ.ಸಿ., ಅದರ ಮುಂದೆ ಕೂರೋ ಮಾಸೂಮಾಗೆ ಮಾತ್ರ ಕಾಲು ಮುರಿದ ಕುರ್ಚಿ!

ಮಾಸೂಮಾ ದಾವಣಗೆರೆಯ ವಿನೋಬನಗರದವಳು, ದಿನಾ ಬಸ್ಸಿಗೆ ಬರುತ್ತಿದ್ದಳು. ಮಿಲ್ಲಿಗೆ ಸೇರಿಸಿದ್ದು ಅಣ್ಣ ರೌಫ್. ಅವನು ಅಲ್ಲೇ ಬಣ್ಣದ ಮನೆಯಲ್ಲಿ ಎರಡನೇ ತೊಟ್ಟಿ ನೋಡಿಕೊಳ್ಳುತ್ತಿದ್ದ. ಕುದಿಯೋ ನೀರಿಗೆ ಬಣ್ಣ, ಉಪ್ಪು, ಕಾಸ್ಟಿಕ್ ಸೋಡ ಸುರಿದು ನೂಲು ಅದ್ದೋ ಕೆಲಸ. ಯಾವ ತೊಟ್ಟಿಗೆ ಏನು ಎಷ್ಟು ಅಂತ ಕಂಪ್ಯೂಟರಿನಲ್ಲಿ ಚೀಟಿ ತೆಗೆಯೋಳು ತಂಗಿ.

ಅವತ್ತು ಹೆಡ್ ಕ್ಲರ್ಕ್ ಭರಮಣ್ಣ ಅವಳ ಬೆನ್ನ ಹಿಂದೆ ನಿಂತು ಪರದೆಯ ಮೇಲಿನ ಲೆಕ್ಕದ ಸೂತ್ರ ಓದಿ ಬೆಚ್ಚಿಬಿದ್ದರು.

“ಏನವ್ವ ಇದು, ಡಾಲರ್ ಗುರ್ತು? ಅಮೆರಿಕದ ರೊಕ್ಕ ನಮ್ಮ ಮಿಲ್ಲಿಗೆ ಯಾಕ ಬಂತು?”

“ರೊಕ್ಕ ಅಲ್ಲ ಸಾರ್, ಬೀಗ. ಚೌಕಾಬಾರದಾಗ ಮನೆ ಇರ್ತಾವಲ್ಲ, ಇಲ್ಲೂ ಹಂಗೇ. ನೂರು ಕಿಲೋ ನೂಲಿಗೆ ಕಾಸ್ಟಿಕ್ ಎಷ್ಟು ಅನ್ನೋದು ಮ್ಯಾಲಿನ ಒಂದು ಮನ್ಯಾಗ ಐತೆ. ಎಲ್ಲ ತೊಟ್ಟಿ ಲೆಕ್ಕನೂ ಅದೇ ಮನೆ ನೋಡ್ಬೇಕು. ಬೀಗ ಇಲ್ದೆ ಕೆಳಗಿನ ಸಾಲಿಗೆ ನಕಲು ಮಾಡಿದ್ರೆ, ನೋಡೋ ಮನೆನೂ ಒಂದು ಸಾಲು ಕೆಳಗೆ ಜಾರ್ತೈತೆ.”

“ಬೀಗಕ್ಕೆ ಬ್ಯಾರೆ ಗುರ್ತು ಸಿಗ್ಲಿಲ್ಲೇನು? ನಾಳೆ ಆಡಿಟ್‌ನೋರು ಬರ್ತಾರ. ಫಾರಿನ್ ದುಡ್ಡಿನ ಕೇಸಂದ್ರ ಜಾಮೀನೂ ಸಿಗಲ್ಲ, ಗೊತ್ತೈತಾ? ತೆಗಿ, ತೆಗಿ!”

ಇಂಥವರಿಗೆ ತಲೆ ಚಚ್ಚಿಕೊಂಡು ಹೇಳಿದರೂ ಅಷ್ಟೇ. ಅವಳ ಕೆಲಸ ಇನ್ನೂ ಕಾಯಂ ಆಗಿರಲಿಲ್ಲ, ಕಾಯಂ ಆಗಲು ಇದೇ ಪುಣ್ಯಾತ್ಮನ ಸಹಿ ಬೇಕಿತ್ತು. ಹಲ್ಲು ಕಚ್ಚಿಕೊಂಡು ಡಾಲರ್ ಅಳಿಸಿದಳು. ಒಂದೊಂದೇ ಸಾಲು ಕೈಯಾರೆ ಹೊಡೆದರಾಯಿತು ಅಂದುಕೊಂಡಳು.

ಅಷ್ಟರಲ್ಲಿ ಬಣ್ಣದ ಮನೆಯ ಅಂಜಿನಪ್ಪ ಬಾಗಿಲಿಗೆ ಬಂದ. “ಜಲ್ದಿ ಎರಡನೇ ತೊಟ್ಟಿ ಚೀಟಿ ಕೊಡ್ರಿ ಅಕ್ಕಾರೆ, ನೀರು ಕುದಿಯಾಕತ್ತೈತೆ!”

ಗಡಿಬಿಡಿಯಲ್ಲಿ ಹಾಳು ಕೈ ಅಭ್ಯಾಸದಂತೆ ಮೊದಲ ತೊಟ್ಟಿಯ ಸಾಲನ್ನೇ ಕೆಳಗೆ ನಕಲು ಮಾಡಿಬಿಟ್ಟಿತು. ಪ್ರಿಂಟರ್ ಕಿರ್ರೆಂದಿತು. ಚೀಟಿ ಹರಿದುಕೊಂಡು ಅಂಜಿನಪ್ಪ ಹೊರಟೇಹೋದ.

ಸೆರಗಲ್ಲಿ ಮುಖ ಒರೆಸಿಕೊಂಡು ಮಾಸೂಮಾ ಪರದೆ ನೋಡಿದಳು. ಎರಡನೇ ತೊಟ್ಟಿಗೆ ನಾಕು ಪಟ್ಟು ಕಾಸ್ಟಿಕ್! ಕಾಸ್ಟಿಕ್ಕಿನ ಲೆಕ್ಕ ಅದರ ಕೆಳಗಿದ್ದ ಉಪ್ಪಿನ ಮನೆಗೆ ಜಾರಿತ್ತು.

“ಯಾ ಅಲ್ಲಾ!”

ಕುದಿಯೋ ನೀರಿಗೆ ಒಮ್ಮೆಲೇ ಅಷ್ಟು ಸುರಿದರೆ ತೊಟ್ಟಿ ಉಕ್ಕಿ ಮುಖಕ್ಕೇ ಸಿಡಿಯುತ್ತದೆ. ಹಿಂದೊಮ್ಮೆ ಹಾಗೆ ಸಿಡಿದು ಅದೇ ತೊಟ್ಟಿ ನೋಡಿಕೊಳ್ಳುತ್ತಿದ್ದ ಖಾಜಾ ಹುಸೇನನ ಕಣ್ಣು ಹೋಗಿತ್ತು. ಈಗ ಅಲ್ಲಿ ನಿಂತಿರೋನು ರೌಫ್.

ಬಣ್ಣದ ಮನೆಗೆ ಫೋನ್ ಮಾಡಿದಳು. ಯಾರೂ ಎತ್ತಲಿಲ್ಲ. ಚಪ್ಪಲಿ ಎಲ್ಲಿ, ಸೆರಗು ಎಲ್ಲಿ, ಒಂದೂ ಎಚ್ಚರವಿಲ್ಲ. ಕಾದ ಅಂಗಳದಲ್ಲಿ ಬರಿಗಾಲಲ್ಲೇ ಓಡಿದಳು. ಭರಮಣ್ಣ ಹಿಂದಿನಿಂದ ಏನೋ ಕೂಗುತ್ತಿದ್ದರು. ಕೂಗಿಕೊಳ್ಳಲಿ ಬಿಡಿ.

ಬಣ್ಣದ ಮನೆಯ ತುಂಬ ಹಬೆ, ಕಿವಿ ಕಿತ್ತುಹೋಗುವಂಥ ಸದ್ದು. “ಭಾಯ್, ಹಾಕಬ್ಯಾಡ!” ಅಂದದ್ದು ಅವಳಿಗೇ ಕೇಳಿಸಲಿಲ್ಲ. ರೌಫ್ ತುಂಬಿದ ಬಕೆಟ್ಟನ್ನು ತೊಟ್ಟಿಯ ಅಂಚಿಗಿಟ್ಟು ವಾಲಿಸುತ್ತಿದ್ದ. ಅವಳು ಹಿಂದಿನಿಂದ ಅವನ ಅಂಗಿ ಹಿಡಿದು ಮೈಭಾರವೆಲ್ಲ ಹಾಕಿ ಜಗ್ಗಿದಳು. ಇಬ್ಬರೂ ದೊಪ್ಪನೆ ಬಿದ್ದರು. ಬಕೆಟ್ ಈಚೆಗೆ ಉರುಳಿ ಕಾಸ್ಟಿಕ್ ನೆಲದ ಪಾಲಾಯಿತು.

ರೌಫ್ ಬೈಯಲಿಲ್ಲ. ಅವಳನ್ನು ಬಾಚಿ ಎತ್ತಿ ದೂರ ಕೂರಿಸಿ, ಕಾಸ್ಟಿಕ್ ಸಿಡಿದಿದ್ದ ಬರಿಗಾಲಿನ ಮೇಲೆ ನೀರು ಹೊಯ್ದ. ಅವಳೇ ಗದರಿದಳು: “ಇಷ್ಟೊಂದು ಯಾಕ ಅಂತ ನಿಂಗೆ ಅನ್ನಿಸ್ಲೇ ಇಲ್ಲೇನು?”

“ಅನ್ನಿಸ್ತು. ಅಂಜಿನಪ್ಪನೂ ಜಾಸ್ತಿ ಆತು, ಹಾಕಬ್ಯಾಡ ಅಂದ. ಬೈದು ಬಾಯಿ ಮುಚ್ಚಿಸ್ದೆ. ನನ್ನ ತಂಗಿ ತೆಗೆದ ಚೀಟಿ ಐತೆ, ತಪ್ಪು ಹೆಂಗಿರ್ತೈತಲೇ ಅಂದೆ.”

ಮಾಸೂಮಾಗೆ ಅವನ ಮುಖ ನೋಡಲು ಆಗಲಿಲ್ಲ.