ಮಾದೇವಕ್ಕನ ಕಡುಬು

ಆ ಕಡುಬನ್ನು ಮಾಡಿದ್ದು ನಾನಲ್ಲ. ಮಾಡಿದವಳು ಮಾದೇವಕ್ಕ. ನಾನು ಮಾಡಿದ್ದೆಂದು ಹೇಳಿದೆ. ಆ ಒಂದು ಮಾತಿನ ಮೇಲೆ ನನಗೆ ಮದುವೆಯಾಯಿತು — ಅವಳಿಗೆಂದು ಬಂದಿದ್ದ ಮದುವೆ. ಇಷ್ಟನ್ನು ಬರೆಯಲು ನನಗೆ ಇಷ್ಟು ಕಾಲ ಬೇಕಾಯಿತು.

ಮಾದೇವಕ್ಕ ನನ್ನ ದೊಡ್ಡಪ್ಪನ ಮಗಳು. ದೊಡ್ಡಪ್ಪ, ದೊಡ್ಡವ್ವ ಇಬ್ಬರೂ ಸಿಡುಬಿನಲ್ಲಿ ಹೋದರು. ಅವಳು ಬದುಕಿಕೊಂಡಳು, ಆದರೆ ಎರಡೂ ಕೆನ್ನೆಯ ಮೇಲೆ ಕಲೆ ಉಳಿಯಿತು. ಅಲ್ಲಿಂದಾಚೆಗೆ ಹನೂರಿನ ನಮ್ಮ ಮನೆಯಲ್ಲೇ ಬೆಳೆದಳು. ನನಗಿಂತ ನಾಲ್ಕೈದು ವರ್ಷ ದೊಡ್ಡವಳು. ನನಗೆ ಜಡೆ ಹಾಕಿದವಳು, ನನ್ನ ಪಾಲಿನ ಪಾತ್ರೆ ತಿಕ್ಕಿದವಳು, ನಾನು ಬೈಸಿಕೊಳ್ಳುವಾಗ ಅಡ್ಡ ನಿಂತವಳು. ನಮ್ಮವ್ವ ಅವಳನ್ನು ಕೆಟ್ಟದಾಗಿ ನೋಡಿಕೊಂಡಳು ಎಂದು ಹೇಳಲಾರೆ. ಹೊಟ್ಟೆ ಬಟ್ಟೆಗೆ ಕಡಿಮೆ ಮಾಡಲಿಲ್ಲ. ಆದರೆ ಮನೆಯಲ್ಲಿ ಕೆಲಸವೊಂದು ಬಿದ್ದಿದ್ದರೆ ಎಲ್ಲರ ಬಾಯಲ್ಲೂ ಬರುತ್ತಿದ್ದುದು ಅವಳ ಹೆಸರೇ.

ದೊಡ್ಡವ್ವನ ತವರು ಬೆಟ್ಟದಾಚೆ, ತಮಿಳು ಮಾತಾಡುವ ಊರು. ಅವಳು ಅಲ್ಲಿಂದ ತಂದ ಒಂದು ತಿಂಡಿ ನಮ್ಮ ಸೀಮೆಯಲ್ಲಿ ಬೇರೆ ಯಾರಿಗೂ ಬರುತ್ತಿರಲಿಲ್ಲ. ಮಗಳಿಗೆ ಅದನ್ನು ಕಲಿಸಿಯೇ ಕಣ್ಣು ಮುಚ್ಚಿದ್ದಳು. ನಾವು ಅದನ್ನು ಕೆಂಡದ ಕಡುಬು ಎನ್ನುತ್ತಿದ್ದೆವು. ಬೆಳಿಗ್ಗೆ ರುಬ್ಬಿಟ್ಟ ಅಕ್ಕಿ ಉದ್ದಿನ ಹಿಟ್ಟು ಸಂಜೆಗೆ ಉಬ್ಬಿರಬೇಕು. ಅಗಲ ಬಾಯಿಯ ಪಾತ್ರೆಗೆ ಬಾಳೆಲೆ ಹಾಸಿ, ತಳಕ್ಕೆ ಗಟ್ಟಿ ಬೆಲ್ಲದ ಪಾಕ ಬೆರೆಸಿದ ಹಿಟ್ಟು, ಅದರ ಮೇಲೆ ತೆಳ್ಳಗೆ ಬರಿಯ ಹಿಟ್ಟು, ಮೇಲುಗಡೆ ಹಸಿಮೆಣಸಿನಕಾಯಿ, ಹಿಚುಕಿದ ಅವರೆಕಾಳು, ಕಾಯಿತುರಿ ಸೇರಿಸಿದ ಉಪ್ಪಿನ ಹಿಟ್ಟು. ಮುಚ್ಚಳದ ಅಂಚಿಗೆ ಕಲಸಿದ ಹಿಟ್ಟು ಮೆತ್ತಿ, ಬೂದಿ ಮುಚ್ಚಿದ ಕೆಂಡದ ಮೇಲಿಟ್ಟು, ಮುಚ್ಚಳದ ಮೇಲೂ ಕೆಂಡ ಹರಡಿ ಮಲಗಿಬಿಡುವುದು. ಬೆಳಗಾಗುವಷ್ಟರಲ್ಲಿ ಅದು ತಾನಾಗಿ ಬೆಂದಿರುತ್ತಿತ್ತು. ತಟ್ಟೆಗೆ ಮಗುಚಿದರೆ ಬೆಲ್ಲದ ಭಾಗ ಕಂದಾಗಿ ಮೇಲೆ ಬರುತ್ತಿತ್ತು. ಒಂದೇ ತುತ್ತಿನಲ್ಲಿ ಮೊದಲು ಸಿಹಿ, ಆಮೇಲೆ ಖಾರ. ಕೇಳಲು ಸುಲಭ. ಪಾಕ ಒಂದಿಷ್ಟು ತೆಳುವಾದರೆ ತಳ ಹತ್ತಿ ಕಹಿಯಾಗುತ್ತದೆ, ಕೆಂಡ ಕಮ್ಮಿಯಾದರೆ ಮೇಲಿನದು ಹಸಿ ಉಳಿಯುತ್ತದೆ. ಮಾದೇವಕ್ಕನ ಕೈಯಲ್ಲಿ ಅದು ಯಾವತ್ತೂ ಕೆಟ್ಟದ್ದಿಲ್ಲ.

ನಮ್ಮ ಕೊಳ್ಳೇಗಾಲ ಸೀಮೆ ಮೈಸೂರಿಗೆ ಸೇರಿ ಒಂದೆರಡು ವರ್ಷವಾಗಿತ್ತು. ಮದ್ರಾಸಿಗೆ ಸೇರಿದ್ದ ನಮಗೆ ಯಳಂದೂರು ಅಲ್ಲಿಯ ತನಕ ಆಚೆ ರಾಜ್ಯ. ಅಲ್ಲಿಂದ ಮಾದೇವಕ್ಕನನ್ನು ನೋಡಲು ಹುಡುಗನೂ ಅವನ ತಾಯಿಯೂ ಬಂದರು. ಹೊಳೆ ನೀರಿನ ಗದ್ದೆ, ಒಬ್ಬನೇ ಮಗ, ದೂರದಿಂದ ನಮಗೆ ನೆಂಟರೂ ಹೌದು. ಮಾದೇವಕ್ಕ ತಲೆ ತಗ್ಗಿಸಿಕೊಂಡು ಕಾಫಿ ಕೊಟ್ಟು ಒಳಗೆ ಬಂದಳು. ಆ ತಾಯಿಯ ಕಣ್ಣು ಅವಳ ಕೆನ್ನೆಯ ಮೇಲೆ ನಿಂತದ್ದನ್ನು ನಾನು ನೋಡಿದೆ. ಊರಿಗೆ ಹೋಗಿ ಹೇಳಿ ಕಳಿಸುತ್ತೇವೆ ಎಂದರು. ಹಾಗೆಂದರೆ ಏನೆಂದು ಎಲ್ಲರಿಗೂ ಗೊತ್ತಿತ್ತು. ಆದರೂ ಪೂರಾ ಬೇಡ ಎಂದಿರಲಿಲ್ಲ — ಅಷ್ಟು ಆಸೆ ಇನ್ನೂ ಇತ್ತು. ಹುಡುಗನಂತೂ ಏನೂ ಹೇಳಿರಲಿಲ್ಲ. ಅಷ್ಟರಲ್ಲಿ ಮಳೆ ಹಿಡಿದು ಹಳ್ಳ ಬಂತು, ಕೊಳ್ಳೇಗಾಲದ ಬಸ್ಸು ನಿಂತಿತು. ಅವರು ನಮ್ಮ ಮನೆಯಲ್ಲೇ ಉಳಿದರು.

ಆ ಸಂಜೆ ಮಾದೇವಕ್ಕ, ಬೆಳಿಗ್ಗೆ ದೋಸೆಗೆಂದು ರುಬ್ಬಿಟ್ಟಿದ್ದ ಹಿಟ್ಟು ತೆಗೆದುಕೊಂಡು, ಯಾರೂ ಹೇಳದೆ ಇದ್ದರೂ ಕಡುಬಿಗೆ ಕೂತಳು. ತನ್ನ ಮುಖ ಮಾಡಲಾರದ್ದನ್ನು ಕೈ ಮಾಡಲಿ ಅಂದುಕೊಂಡಿದ್ದಳೋ ಏನೋ. ನಾನು ಕೇಳಲಿಲ್ಲ.

ಬೆಳಿಗ್ಗೆ ಅವಳೇ ಪಾತ್ರೆ ಮಗುಚಿ, ಕೊಯ್ದು, ನನ್ನ ಕೈಗೆ ತಟ್ಟೆ ಕೊಟ್ಟು ಹಾಲು ಕರೆಯಲು ಕೊಟ್ಟಿಗೆಗೆ ಹೋದಳು. ಬಡಿಸಿದವಳು ನಾನು. ಆ ತಾಯಿ ಒಂದು ತುಂಡು ತಿಂದರು, ಇನ್ನೊಂದು ಹಾಕಿಸಿಕೊಂಡರು. ಹುಡುಗ ತಲೆಯೆತ್ತದೆ ತಿನ್ನುತ್ತಿದ್ದ. ಆಮೇಲೆ ಅವರು ನನ್ನ ಮುಖ ನೋಡಿ ಕೇಳಿದರು:

“ಇದ ಮಾಡ್ದೋರು ಯಾರವ್ವ?”

“ನಾನೇ ಕಣವ್ವ,” ಎಂದೆ.

ಯಾಕೆ ಹಾಗೆಂದೆ? ಎಷ್ಟೋ ಸಲ ನನ್ನನ್ನೇ ಕೇಳಿಕೊಂಡಿದ್ದೇನೆ. ಯಾರೂ ಹೇಳಿಕೊಟ್ಟಿರಲಿಲ್ಲ. ಮೊದಮೊದಲು, ಹೊಗಳಿಕೆಯ ಆಸೆಗೆ ಬಾಯಿ ತಪ್ಪಿ ಬಂತು ಎಂದು ಸಮಾಧಾನ ಮಾಡಿಕೊಳ್ಳುತ್ತಿದ್ದೆ. ಅದು ಸುಳ್ಳು. ಹಿಂದಿನ ದಿನ ಬಾಗಿಲ ಸಂದಿಯಿಂದ ಆ ಹುಡುಗನನ್ನು ನೋಡಿದ್ದೆ. ಮಾದೇವಕ್ಕನಂಥವಳಿಗೆ ಇಂಥ ಗಂಡು ಸಿಗುವುದೇ ಎಂದು ಅನಿಸಿತ್ತು — ಅನಿಸಿದ್ದು ನಿಜ, ಬರೆಯದೆ ವಿಧಿಯಿಲ್ಲ. ಹೀಗಾಗಿ, ಆ ಮಾತು ಬಾಯಿ ತಪ್ಪಿ ಬಂದದ್ದಲ್ಲ.

ಅವರು ಕೈ ತೊಳೆದವರೇ ನಮ್ಮಪ್ಪನಿಗೆ ಹೇಳಿದರು: “ಈ ಮಗೀನೇ ಕೊಡಿ ನಮ್ಗೆ.”

ಅಪ್ಪ ತಡವರಿಸಿದ. ದೊಡ್ಡವಳನ್ನು ಬಿಟ್ಟು ಚಿಕ್ಕವಳನ್ನು ಹೇಗೆ ಕೊಡುವುದು ಎಂದ. ಅವನಿಗೆ ಅಡುಗೆಮನೆಯ ಸಮಾಚಾರ ಗೊತ್ತಿರಲಿಲ್ಲ. ಅವ್ವನಿಗೆ ಗೊತ್ತಿತ್ತು. ಅವಳು ನನ್ನನ್ನು ನೋಡಿದಳು. ಒಂದು ಮಾತು ಅವಳು ಆಡಿದ್ದರೆ — ಆದರೆ ನಾನೇ ಆಡದ ಮಾತನ್ನು ಅವಳು ಯಾಕೆ ಆಡಬೇಕಿತ್ತು? ಋಣ ಎಲ್ಲಿದೆಯೋ ಅಲ್ಲಿಗೆ ಆಗುತ್ತದೆ ಎಂದು ಹೇಳಿ ಒಳಗೆ ಹೋದಳು.

ಆಗ ಮಾದೇವಕ್ಕ ಹಾಲಿನ ತಂಬಿಗೆ ಹಿಡಿದು ಹಿತ್ತಲ ಬಾಗಿಲಲ್ಲಿ ನಿಂತಿದ್ದಳು. ಎಲ್ಲ ಕೇಳಿಸಿಕೊಂಡಿದ್ದಳು. ಈಗ ಬಾಯಿ ಬಿಡುತ್ತಾಳೆ ಎಂದುಕೊಂಡೆ. ಅವಳು ತಂಬಿಗೆ ಇಳಿಸಿದಳು.

“ಇನ್ನೊಂಚೂರು ಇಕ್ಕು ರಾಜಿ,” ಎಂದಳು. “ತಣ್ಗಾಗೋಯ್ತದೆ.”

ಅಷ್ಟೇ. ಆವತ್ತೂ ಅಷ್ಟೇ, ಆಮೇಲೂ ಅಷ್ಟೇ.

ಇದಕ್ಕಿಂತ ನಾಚಿಕೆಗೇಡಿನ ಕೆಲಸ ನಾನು ಮಾಡಿದ್ದು ಮದುವೆ ನಿಶ್ಚಯವಾದ ಮೇಲೆ. ನನಗೆ ಆ ಕಡುಬು ಬರುತ್ತಿರಲಿಲ್ಲವಲ್ಲ. ಅತ್ತೆಯ ಮನೆಗೆ ಹೋದೊಡನೆ ಕೇಳುತ್ತಾರೆ. ನಾನು ಮಾದೇವಕ್ಕನ ಹತ್ತಿರ ಹೋಗಿ, ನೆಲ ನೋಡುತ್ತ, ಹೇಳಿಕೊಡು ಎಂದೆ. ತಪ್ಪಾಯಿತು ಎನ್ನಲಿಲ್ಲ. ಹೇಳಿಕೊಡು ಎಂದೆ.

ಅವಳು ಹೇಳಿಕೊಟ್ಟಳು. ನಾನು ತಳ ಹತ್ತಿಸಿದೆ, ಮತ್ತೆ ಹೇಳಿಕೊಟ್ಟಳು. ಹಸಿಯಾಗಿ ತೆಗೆದೆ, ಮತ್ತೆ ಹೇಳಿಕೊಟ್ಟಳು. ನನ್ನ ಬೆರಳನ್ನು ಹಿಡಿದು ಪಾಕಕ್ಕೆ ಅದ್ದಿಸಿ, ಎಳೆ ಎಷ್ಟಿರಬೇಕು ಎಂದು ತೋರಿಸಿದಳು. ಎಲ್ಲಾದರೂ ಒಂದು ಕಡೆ ಅವಳು ಕೈ ತಡೆದು ನನಗೆ ಕಡಿಮೆ ಕಲಿಸಿದ್ದರೆ ನನಗೆ ಇಂದು ಇಷ್ಟು ಉರಿಯುತ್ತಿರಲಿಲ್ಲವೇನೋ. “ಕೆಂಡ ನೋಡ್ಬೇಡ, ವಾಸ್ನೆ ನೋಡು,” ಎನ್ನುತ್ತಿದ್ದಳು. “ಅಲ್ಲಿ ನಾನಿರಾಕಿಲ್ಲ.”

ಯಳಂದೂರಿನಲ್ಲಿ ನನ್ನ ಬದುಕು ಚೆನ್ನಾಗಿತ್ತು. ಅದನ್ನೂ ಹೇಳಬೇಕು. ಗಂಡ ಮಿತಭಾಷಿ, ಒಳ್ಳೆಯವನು. ಅತ್ತೆ ನನ್ನನ್ನು ಎಂದೂ ನೋಯಿಸಲಿಲ್ಲ. ಯಾರು ಮನೆಗೆ ಬಂದರೂ ನನ್ನ ಸೊಸೆಯ ಕೈಯ ಕಡುಬು ತಿಂದು ಹೋಗಿ ಎನ್ನುತ್ತಿದ್ದರು. ಬಿಳಿಗಿರಿರಂಗನ ಬೆಟ್ಟಕ್ಕೆ ಹೋಗುವ ನೆಂಟರು ಅದಕ್ಕೇ ಒಂದು ದಿನ ಮುಂಚೆ ಬಂದು ಉಳಿಯುತ್ತಿದ್ದರು. ಪ್ರತಿ ಸಲ ಹೊಗಳಿಕೆ ಬಂದಾಗ ನಾನು ತಲೆ ತಗ್ಗಿಸುತ್ತಿದ್ದೆ. ಅದನ್ನು ಅವರು ವಿನಯ ಎಂದುಕೊಂಡರು. ಅತ್ತೆ ಹಾಗೆಯೇ ನಂಬಿಕೊಂಡು ತೀರಿಹೋದರು.

ಮಾದೇವಕ್ಕನನ್ನು ಲೊಕ್ಕನಹಳ್ಳಿಗೆ ಕೊಟ್ಟರು. ಹೆಂಡತಿ ಸತ್ತವನು, ವಯಸ್ಸಾದವನು, ಒಬ್ಬಳು ಮಗಳಿದ್ದಳು, ನಾಗಿ ಎಂದು. ಆ ಮಗುವನ್ನು ಮಾದೇವಕ್ಕ ತನ್ನದೆಂದೇ ಸಾಕಿದಳು. ನಾನು ಅವಳ ಮನೆಗೆ ಹೋಗಲಿಲ್ಲ. ಗದ್ದೆ ಕೆಲಸ, ಮಕ್ಕಳು, ಬಸ್ಸಿಲ್ಲ — ಒಂದಲ್ಲ ಒಂದು ನೆಪ. ಹೀಗೇ ವರ್ಷಗಳು ಹೋದವು. ನಾಗಿಯ ಮದುವೆಗೆ ಮಾತ್ರ ತಪ್ಪಿಸಿಕೊಳ್ಳಲು ಆಗಲಿಲ್ಲ. ಗಂಡನೇ ಹೊರಡಿಸಿದ.

ಮದುವೆಯ ಮಾರನೆಯ ಬೆಳಿಗ್ಗೆ ನಾಗಿ ನನಗೆ ತಿಂಡಿ ತಂದಿಟ್ಟಳು, ಉಪ್ಪಿಟ್ಟು. ಏನಾದರೂ ಮಾತಾಡಬೇಕಲ್ಲ ಎಂದು, ನಿಮ್ಮವ್ವ ನಿಮಗೆ ಕೆಂಡದ ಕಡುಬು ಮಾಡಿಕೊಡುತ್ತಿದ್ದಳಾ ಎಂದೆ. ಅವಳು ನಕ್ಕಳು.

“ನಮ್ಮವ್ವಂಗೆಲ್ಲಿ ಬಂದದು ಚಿಕ್ಕವ್ವ? ಅದು ನಮ್ ರಾಜಿಗೊಬ್ಳಿಗೇ ಬರೋದು ಅಂತಳೆ.”

ನಾನು ಉಪ್ಪಿಟ್ಟಿನ ತಟ್ಟೆ ಕೆಳಗಿಟ್ಟೆ. ಆಗ ಅರ್ಥವಾಯಿತು. ಲೊಕ್ಕನಹಳ್ಳಿಯಲ್ಲಿ ಅವಳು ಆ ಕಡುಬು ಮಾಡಿದ್ದರೆ, ತಿಂದವರು ಹನೂರಿನಲ್ಲಿ ಹೇಳುತ್ತಿದ್ದರು, ಹನೂರಿನವರು ಯಳಂದೂರಿನಲ್ಲಿ ಹೇಳುತ್ತಿದ್ದರು. ಯಾರ ಕೈಯದು ಯಾರ ಪಾಲಾಯಿತು ಎಂಬ ಮಾತು ಒಂದಲ್ಲ ಒಂದು ದಿನ ನನ್ನ ಅತ್ತೆಯ ಕಿವಿಗೆ ಬೀಳುತ್ತಿತ್ತು. ಅದಕ್ಕೇ ಅವಳು ಮಾಡಲೇ ಇಲ್ಲ. ತನ್ನ ತಾಯಿಯಿಂದ ಅವಳಿಗೆ ಉಳಿದಿದ್ದ ಒಂದೇ ಒಂದನ್ನು ನನಗಾಗಿ ಬಿಟ್ಟುಬಿಟ್ಟಳು, ತಾನು ಸಾಕಿದ ಮಗುವಿನ ಬಾಯಿಗೂ ಒಂದು ದಿನ ಹಾಕಲಿಲ್ಲ. ನಾನು ಗಂಡನ್ನು ಕಸಿದುಕೊಂಡೆ ಎಂದಷ್ಟೇ ತಿಳಿದಿದ್ದೆ.

ಅಲ್ಲೇ, ನಾಗಿಯ ಮುಂದೆಯೇ, ನಿಜ ಹೇಳಬಹುದಿತ್ತು. ಹೇಳಲಿಲ್ಲ. ಮದುವೆ ಮನೆ, ಜನ — ಮತ್ತೆ ನೆಪ.

ಊರಿಗೆ ಬಂದು ಗಂಡನಿಗೆ ಹೇಳಿದೆ. ಅವನು ಎತ್ತಿಗೆ ಹುಲ್ಲು ಹಾಕುತ್ತಿದ್ದ. ಕೆಲಸ ನಿಲ್ಲಿಸದೆ ಎಲ್ಲ ಕೇಳಿದ. ಎರಡು ದಿನ ಹೋಯಿತು. ಆಮೇಲೆ ಕೇಳಿದ, ನಿಮ್ಮಕ್ಕನ ಹತ್ತಿರ ಈ ಮಾತು ಆಡಿದ್ದೀಯಾ ಎಂದು. ಇಲ್ಲ ಎಂದೆ.

“ಅಂಗಾದ್ರೆ ನಂಗೇಳಿ ಮನ್ಸ ಅಗುರ ಮಾಡ್ಕಬೇಡ,” ಎಂದ. “ಅಲ್ಲಿಗೋಗು.”

ಆದರೂ ಹೊರಡಲು ಕೆಲವು ತಿಂಗಳು ಹಿಡಿಯಿತು. ನಾಗಿ ತವರಿಗೆ ಬಂದಿದ್ದಾಳೆ ಎಂದು ಗೊತ್ತು ಮಾಡಿಕೊಂಡೇ ಹೋದೆ. ಮಾದೇವಕ್ಕ ಜಗಲಿಯಲ್ಲಿ ಹುರುಳಿ ಕೇರುತ್ತಿದ್ದಳು. ತಲೆ ವಯಸ್ಸಿಗೆ ಮೊದಲೇ ನರೆತಿತ್ತು. ನಾನು ಅವಳ ಪಕ್ಕ ನೆಲದ ಮೇಲೆ ಕೂತು, ನಾಗಿ ಕೇಳುವಂತೆ, ಎಲ್ಲ ಹೇಳಿದೆ. ಕಾಲು ಹಿಡಿದೆ. ಅವಳು ಸಮಾಧಾನ ಮಾಡುತ್ತಾಳೆ, ಹೋಗಲಿ ಬಿಡು ಎನ್ನುತ್ತಾಳೆ — ಹಾಗೊಂದು ಆಸೆ ನನ್ನಲ್ಲಿತ್ತು, ಮುಚ್ಚಿಡುವುದಿಲ್ಲ.

ಅವಳು ಮೊರ ಕೆಳಗಿಟ್ಟಳು. ಕಾಲು ಹಿಂದಕ್ಕೆ ಎಳೆದುಕೊಂಡಳು.

“ಇಷ್ಟ್ ವರ್ಸ ನಿನ್ ಮಾನ ನಾ ಕಾಪಾಡ್ಕಂಡಿದ್ನಲ್ಲಾ ರಾಜಿ,” ಎಂದಳು. “ಅದ್ನೂ ಕಳ್ದೆ ನೀನು.”

ನಾಗಿ ಅವಳ ಮುಖವನ್ನೇ ನೋಡುತ್ತಿದ್ದಳು. ತನಗೆ ಬರದು ಎಂದು ನಂಬಿಸಿದ್ದ ತಾಯಿಯನ್ನು ಹೊಸಬಳನ್ನು ನೋಡುವ ಹಾಗೆ ನೋಡುತ್ತಿದ್ದಳು. ನಿಂಗೆ ಬರ್ತಿತ್ತಾ ಅವ್ವ, ಹಾಗಾದರೆ ಮಾಡು, ನನಗೆ ತಿನ್ನಬೇಕು ಎಂದಳು. ಮಾದೇವಕ್ಕ ಬೇಡವೆಂದಳು, ಮಗಳು ಬಿಡಲಿಲ್ಲ. ಮಾರನೆಯ ಬೆಳಿಗ್ಗೆ ಅಕ್ಕಿ ಉದ್ದು ರುಬ್ಬಿದರು. ಸಂಜೆ ಒಲೆಯ ಮುಂದೆ ಕೂತು ಮಾದೇವಕ್ಕ ಪಾಕಕ್ಕೆ ಬೆರಳು ಅದ್ದಿದಳು, ತೆಗೆದಳು, ಮತ್ತೆ ಅದ್ದಿದಳು. ಎಳೆ ಎಷ್ಟಿರಬೇಕೆಂದು ಅವಳಿಗೆ ನೆನಪಾಗಲಿಲ್ಲ. ಖಾರದ ಹಿಟ್ಟು ಮೊದಲೋ ಸಿಹಿ ಮೊದಲೋ ಎಂದು ತಡೆದು ನಿಂತಳು. ಆಮೇಲೆ ನನ್ನ ಕಡೆ ತಿರುಗದೆ, ನೀನೇ ಮಾಡು ಎಂದು ಎದ್ದಳು.

ನಾನು ಮಾಡಿದೆ. ಕಳ್ಳಿಯ ಕೈಗೆ ಎಲ್ಲ ನೆನಪಿತ್ತು.

ಬೆಳಿಗ್ಗೆ ನಾಗಿ ಎರಡು ತುಂಡು ತಿಂದಳು. ಮಾದೇವಕ್ಕ ಒಂದು ತುತ್ತು ಬಾಯಿಗಿಟ್ಟು ಬಹಳ ಹೊತ್ತು ಅಗಿದಳು. ಕಣ್ಣು ಮುಚ್ಚಿದಳು. ಏನನ್ನೋ ಹುಡುಕುತ್ತಿದ್ದಾಳೆ ಎಂದು ಗೊತ್ತಾಗುತ್ತಿತ್ತು.

“ನಮ್ಮವ್ವ ಇದ್ಕೆ ಇನ್ನೇನೋ ಆಕೋಳು,” ಎಂದಳು. “ಏನದು?”

ನನ್ನನ್ನೇ ಕೇಳಿದಳು. ನನಗೆ ಗೊತ್ತಿರಲಿಲ್ಲ.