ನಂಬಲಾಗಿದೆ ಎಂದೆ, ನಂಬಿಬಿಟ್ಟರು

ಎರಡು ಗುಂಡಿನ ಸದ್ದು. ಮೊದಲನೆಯದು ಎದುರು ಬೆಟ್ಟಕ್ಕೆ ತಾಗಿ ವಾಪಸ್ಸು ಬರುವಷ್ಟರಲ್ಲಿ ಎರಡನೆಯದು. ಅದಾಗಿ ಐವತ್ತು ವರ್ಷ ದಾಟಿದರೂ ದೀಪಾವಳಿಯಲ್ಲಿ ಎಲ್ಲಾದರೂ ಎರಡು ಪಟಾಕಿ ಒಂದರ ಹಿಂದೆ ಒಂದು ಸಿಡಿದರೆ ನಾನು ಎದ್ದು ಕಿಟಕಿ ಮುಚ್ಚುತ್ತೇನೆ. ಭಯದಿಂದಲ್ಲ, ಹೇಸಿಗೆಯಿಂದ. ಆ ಹೇಸಿಗೆಯಲ್ಲಿ ದೊಡ್ಡ ಪಾಲು ನನ್ನ ಮೇಲಿನದೇ.

ಕೊಡಗಿನ ಹೊರಗಿನವರಿಗೆ ಇದನ್ನು ಸ್ವಲ್ಪ ವಿವರಿಸಬೇಕು. ಕೊಡವರ ಮನೆಯಲ್ಲಿ ಗಂಡುಮಗು ಹುಟ್ಟಿದರೆ ಒಂದು ಗುಂಡು ಹಾರಿಸುತ್ತಾರೆ. ಸಾವಾದರೆ ಎರಡು. ಫೋನಿಲ್ಲದ ಕಾಲದಲ್ಲಿ ಬೆಟ್ಟದಿಂದ ಬೆಟ್ಟಕ್ಕೆ ಸುದ್ದಿ ಮುಟ್ಟುತ್ತಿದ್ದುದು ಹಾಗೆಯೇ. ಎರಡು ಕೇಳಿದವರು ಕೈಯಲ್ಲಿದ್ದ ಕೆಲಸ ಬಿಟ್ಟು ಆ ಮನೆಯ ದಾರಿ ಹಿಡಿಯುತ್ತಾರೆ. ಯಾರು, ಏನು ಎಂದು ಕೇಳುವುದು ಅಲ್ಲಿಗೆ ಹೋದ ಮೇಲೆ.

ಅದು ೧೯೭೧. ನನಗೆ ಇಪ್ಪತ್ತೆರಡು ವರ್ಷ. ಮಡಿಕೇರಿಯಲ್ಲಿ ಸೈನಿಕರ ಕುಟುಂಬಗಳ ಕ್ಷೇಮ ನೋಡಿಕೊಳ್ಳುವ ಒಂದು ಸಣ್ಣ ಆಫೀಸಿನಲ್ಲಿ ಟೈಪಿಸ್ಟ್ ಆಗಿ ಸೇರಿ ಮೂರು ತಿಂಗಳಾಗಿತ್ತು. ನಾವು ಕೊಡವರಲ್ಲ. ತಂದೆ ಸರ್ಕಾರಿ ನೌಕರಿಯ ಮೇಲೆ ಮೈಸೂರು ಕಡೆಯಿಂದ ಬಂದು ಇಲ್ಲೇ ನಿಂತವರು. ನನ್ನನ್ನು ಕಾನ್ವೆಂಟಿಗೆ ಹಾಕಿದರು. ಆ ಮಂಜು, ಆ ಬೆಲ್ಲು, ನೇವಿ ಬ್ಲೂ ಪಿನಾಫೋರು, ಎಲ್ಲ ಈಗಲೂ ಕನಸಿಗೆ ಬರುತ್ತವೆ. ಕನ್ನಡ ಮಾತಾಡಿದರೆ ಬೆಂಚಿನ ಮೇಲೆ ನಿಲ್ಲಿಸುತ್ತಿದ್ದುದೂ ಬರುತ್ತದೆ. ಹೀಗಾಗಿ ನನ್ನ ಇಂಗ್ಲಿಷ್ ಪರ್ಫೆಕ್ಟು, ಕನ್ನಡ ಮಾತ್ರ ಪೇಪರ್ ಓದಿ ಕಲಿತದ್ದು. ಮನೆಯ ಅಡುಗೆಯವಳ ಕನ್ನಡ ನನ್ನದಕ್ಕಿಂತ ಚೆನ್ನಾಗಿತ್ತು ಎಂದು ಒಪ್ಪಿಕೊಳ್ಳಲು ನನಗೆ ಬಹಳ ಕಾಲ ಬೇಕಾಯಿತು.

ಆಫೀಸಿನ ಮುಖ್ಯಸ್ಥರು ರಿಟೈರ್ಡ್ ಸುಬೇದಾರರು. ಎಲ್ಲರೂ ಅವರನ್ನು ಸಾಹೇಬರು ಎನ್ನುತ್ತಿದ್ದರು. "ನಮ್ಮ ಆಫೀಸಲ್ಲಿ ಇಂಗ್ಲಿಷ್ ಅಂದ್ರೆ ಮಿಸ್, ಮಿಸ್ ಅಂದ್ರೆ ಇಂಗ್ಲಿಷ್" ಎಂದು ಬಂದವರಿಗೆಲ್ಲ ನನ್ನನ್ನು ತೋರಿಸುತ್ತಿದ್ದರು. ಡಿಸೆಂಬರಿನಲ್ಲಿ ಯುದ್ಧ ಶುರುವಾದ ಮೇಲೆ ಟೈಪಿಂಗ್ ಹಿಂದಕ್ಕೆ ಬಿತ್ತು. ಮನೆಗಳಿಗೆ ಮಿಲಿಟರಿ ತಂತಿಗಳು, ಅಂದರೆ ಟೆಲಿಗ್ರಾಮುಗಳು, ಇಂಗ್ಲಿಷಿನಲ್ಲಿ ಬರುತ್ತಿದ್ದವು. ಅವನ್ನು ಓದಿ ಕನ್ನಡದಲ್ಲಿ ಹೇಳುವುದು ನನ್ನ ಕೆಲಸವಾಯಿತು. ಹೆಂಗಸರಿಗೆ ಹೆಂಗಸೇ ಹೇಳಿದರೆ ವಾಸಿ ಎಂಬುದು ಸಾಹೇಬರ ಲೆಕ್ಕಾಚಾರ.

ಯುದ್ಧ ನಿಂತ ಮರುವಾರ ಕಕ್ಕಬೆ ಊರಿನ ಒಂದು ಮನೆಯಿಂದ ಕರೆ ಬಂತು. ತಂತಿ ಬಂದಿದೆ, ಓದುವವರಿಲ್ಲ. ಸಾಹೇಬರೂ ನಾನೂ ಜೀಪಿನಲ್ಲಿ ಹೋದೆವು. ಜಗಲಿಯಲ್ಲಿ ಆರೇಳು ಗಂಡಸರು ಕೂತಿದ್ದರು. ನಡುವೆ ಆ ಕುಟುಂಬದ ಹಿರಿಯ. ಕೊಡವರು ಅವರನ್ನು ಪಟ್ಟೆದಾರ ಎನ್ನುತ್ತಾರೆ, ಮನೆಯಲ್ಲಿ ಅವರ ಮಾತೇ ಕೊನೆ. ತಂತಿಯ ಲಕೋಟೆ ಆಗಲೇ ಒಡೆದಿತ್ತು. ಮೇಲೆ ಶ್ರೀಮತಿ ದೇಚಮ್ಮ ಎಂಬ ಹೆಸರಿತ್ತು.

"ದೇಚಮ್ಮ ಯಾರು?" ಎಂದೆ.

"ಉತ್ತಯ್ಯನ ಹೆಂಡತಿ. ಕಣದಲ್ಲಿ ಕಾಫಿ ಒಣಗಿಸ್ತಾ ಇದ್ದಾಳೆ" ಎಂದರು ಪಟ್ಟೆದಾರರು. "ನೀವು ಓದಿ ಮಿಸ್. ಹೆಂಗಸರಿಗೆ ಆಮೇಲೆ ಹೇಳಿದ್ರಾಯ್ತು."

ಅಲ್ಲಿಯೇ ನಾನು ಎದ್ದು ಕಣಕ್ಕೆ ಹೋಗಬೇಕಿತ್ತು. ಹೋಗಲಿಲ್ಲ. ಓದಿದೆ. ನಾಯಕ್ ಉತ್ತಯ್ಯ, ಮಿಸ್ಸಿಂಗ್, ಬಿಲೀವ್ಡ್ ಕಿಲ್ಡ್. ಕಾನ್ವೆಂಟಿನ ಗ್ರಾಮರ್ ಪಾಠ ನೆನೆದು ಪ್ಯಾಸಿವ್ ವಾಯ್ಸ್‌ಗೆ ಸ್ವಲ್ಪವೂ ಊನ ಬಾರದಂತೆ ಹೇಳಿದೆ: "ನಾಯಕ್ ಉತ್ತಯ್ಯನವರು ಕಾಣೆಯಾಗಿದ್ದಾರೆ. ಯುದ್ಧದಲ್ಲಿ ಮಡಿದಿದ್ದಾರೆಂದು ನಂಬಲಾಗಿದೆ."

ಪಟ್ಟೆದಾರರು ಕಿವಿ ಮುಂದೆ ಮಾಡಿದರು. "ಮಡಿದಿದ್ದಾನೆ. ಆಮೇಲೆ ಎಂತ ಅಂದ್ರಿ?"

"ನಂಬಲಾಗಿದೆ."

"ಅಂದ್ರೆ ನಂಬಬಹುದು, ಅಲ್ವಾ?"

ಸುಳ್ಳು ಸುದ್ದಿಗಳು ಹರಡುತ್ತಿದ್ದ ದಿನಗಳವು. ತಂತಿ ಅಸಲಿಯೋ ಎಂದು ಕೇಳುತ್ತಿದ್ದಾರೆ ಅಂದುಕೊಂಡೆ. "ಹೌದು ಹೌದು, ನಂಬಬಹುದು. ಆರ್ಮಿಯಿಂದಲೇ ಬಂದಿದೆ" ಎಂದೆ. ಸತ್ತಿರಬಹುದು, ಆದರೆ ಖಂಡಿತ ಗೊತ್ತಿಲ್ಲ: ಹೇಳಬೇಕಾಗಿದ್ದದ್ದು ಇಷ್ಟೇ. ಅವರಿಗೂ ಕನ್ನಡ ಮನೆಮಾತಲ್ಲ, ನನಗೂ ಅದು ನೆಟ್ಟಗೆ ಬಾರದು. ಇಬ್ಬರ ನಡುವೆ ಆ ಒಂದು ಮಾತು ಬಿದ್ದು ಹೊರಳಿ ಇನ್ನೇನೋ ಆಗಿಬಿಟ್ಟಿತು.

ಪಟ್ಟೆದಾರರು ಅಳಲಿಲ್ಲ. ಎದ್ದು ಒಳಗೆ ಹೋಗಿ ಗೋಡೆಯ ಮೇಲಿನ ತೋಕ್, ಅಂದರೆ ಕೋವಿ, ತೆಗೆದುಕೊಂಡು ಅಂಗಳಕ್ಕೆ ಇಳಿದರು. ಎರಡನೆಯ ಗುಂಡು ಸಿಡಿದ ಮೇಲೆಯೇ ನನಗೆ ನಾನು ಮಾಡಿದ್ದೇನು ಎಂದು ಹೊಳೆದದ್ದು. ಸಾಹೇಬರು ಟೋಪಿ ತೆಗೆದು ಎದೆಗೆ ಹಿಡಿದು ನಿಂತಿದ್ದರು.

ಕಣದ ಕಡೆಯಿಂದ ಒಬ್ಬ ಹೆಂಗಸು ಓಡಿಬಂದಳು. ಇಪ್ಪತ್ತೈದರ ಒಳಗಿನ ವಯಸ್ಸು. ಕಾಫಿ ಕೆದಕುವ ಹಲಗೆ ಇನ್ನೂ ಕೈಯಲ್ಲೇ ಇತ್ತು. "ದಾರ್?" ಎಂದು ಕೇಳಿದಳು. ಯಾರು ಎಂದು. ಮನೆಯಲ್ಲಿ ಯಾರೂ ಕಾಯಿಲೆ ಮಲಗಿರಲಿಲ್ಲ, ತನ್ನದೇ ಅಂಗಳದಲ್ಲಿ ಯಾರಿಗಾಗಿ ಗುಂಡು ಹಾರಿತು ಎಂದು ಅವಳಿಗೆ ತಿಳಿಯಲಿಲ್ಲ. ಆ ಗಂಡಸರೆಲ್ಲ ನನ್ನ ಕೈಯಲ್ಲಿದ್ದ ತಂತಿಯ ಕಡೆ ನೋಡಿದರು. ಅವಳ ಹೆಸರಿಗೆ ಬಂದ ಕಾಗದವನ್ನು ಅವಳನ್ನು ಬಿಟ್ಟು ಎಲ್ಲರೂ ಕೇಳಿಯಾಗಿತ್ತು.

ಅವಳು ಜೀಪು ನೋಡಿದಳು. ನನ್ನನ್ನು ನೋಡಿದಳು. ನನ್ನ ಕೈಯಿಂದ ಕಾಗದ ತೆಗೆದುಕೊಂಡಳು.

"ಇದ್ರಲ್ಲಿ ನನ್ನ ಹೆಸರು ಎಲ್ಲುಂಟು?"

ತೋರಿಸಿದೆ.

"ಬೆರಳಿಟ್ಟು ಒಂದೊಂದೇ ಮಾತು ಹೇಳಿ. ಇಂಗ್ಲಿಷಲ್ಲೇ ಹೇಳಿ."

ಓದುತ್ತ ಹೋದೆ. ಮಿಸ್ಸಿಂಗ್ ಎಂದಾಗ ತಡೆದಳು. "ಮಿಸ್ಸಿಂಗ್ ನಂಗೆ ಗೊತ್ತು. ಎಸ್ಟೇಟಲ್ಲಿ ರೈಟರು ಬೆಳಿಗ್ಗೆ ಆಳುಗಳ ಹೆಸರು ಕೂಗ್ತಾರೆ. ಬಾರದವರಿಗೆ ಮಿಸ್ಸಿಂಗ್ ಅಂತಾರೆ. ಅವರೆಂತ ಸತ್ತಿರ್ತಾರಾ? ಜ್ವರ ಬಂದಿರ್ತದೆ, ಇಲ್ಲ ಕುಡಿದು ಬಿದ್ದಿರ್ತಾರೆ. ನಾಳೆ ಬರ್ತಾರೆ. ಮುಂದಿನ ಮಾತು?"

"ಬಿಲೀವ್ಡ್."

"ಅಂದ್ರೆ?"

"ಇರಬಹುದು ಅಂತ."

"ಇರಬಹುದಾ, ಹೌದಾ?"

"ಇರಬಹುದು."

ಅವಳು ಪಟ್ಟೆದಾರರ ಕಡೆ ತಿರುಗಿದಳು. "ಅಜ್ಜ, ಇರಬಹುದು ಅಂತೆ! ನೀವು ಇರಬಹುದಕ್ಕೆ ತೋಕ್ ಹಾರಿಸಿದ್ದಾ?"

"ಆ ಮಿಸ್ಸೇ ನಂಬಬಹುದು ಅಂದ್ರಲ್ಲ" ಎಂದರು ಅವರು. ಎಲ್ಲರ ಕಣ್ಣೂ ನನ್ನ ಮೇಲೆ. ಸಾಹೇಬರು ಗಂಟಲು ಸರಿಮಾಡಿಕೊಂಡರು. "ಬಿಡಮ್ಮ. ಯುದ್ಧದಲ್ಲಿ ಎರಡಕ್ಕೂ ಒಂದೇ ಅರ್ಥ."

ಅಷ್ಟರಲ್ಲಿ ಕೆಳಗಿನ ಗದ್ದೆಯ ಬದುವಿನ ಮೇಲೆ ಜನ ಸಾಲಾಗಿ ಬರುವುದು ಕಾಣುತ್ತಿತ್ತು. ದೇಚಮ್ಮ ನನ್ನ ತೋಳು ಹಿಡಿದಳು. "ಮಿಸ್, ನೀವು ಹೇಳಿ. ಅವರು ಮೇಲೆ ಬರೋದ್ರೊಳಗೆ ಹೇಳಿ. ತಪ್ಪಾಯ್ತು, ಸತ್ತಿದ್ದು ಗೊತ್ತಿಲ್ಲ ಅಂತ ಹೇಳಿ. ಇಲ್ಲದಿದ್ರೆ ಇವತ್ತೇ ನನ್ನನ್ನ ವಿಧವೆ ಮಾಡಿಬಿಡ್ತಾರೆ."

ಸಾಹೇಬರು ನನ್ನನ್ನೇ ನೋಡುತ್ತಿದ್ದರು. ಮೂರು ತಿಂಗಳ ಕೆಲಸ, ಆಫೀಸಿನ ಮರ್ಯಾದೆ, ನನ್ನ ಪರ್ಫೆಕ್ಟ್ ಇಂಗ್ಲಿಷಿನ ಹೆಸರು. ನಾನು ತಲೆ ತಗ್ಗಿಸಿ ಶೂಗೆ ಮೆತ್ತಿದ ಕೆಸರು ನೋಡುತ್ತ ನಿಂತೆ. ಪಟ್ಟೆದಾರರು, "ಕರೆಸಿಕೊಂಡ ಜನಕ್ಕೆ ಈಗ ಎಂತ ಹೇಳ್ಳಿ? ಹಾರಿಸಿದ್ದು ಹಾರಿಸಿದ್ದೇ. ಅವನು ಬಂದ್ರೆ ಆಗ ನೋಡುವ" ಎಂದರು. ತಪ್ಪಾಯಿತು ಎಂದು ನಾಲ್ಕು ಜನರ ಮುಂದೆ ಹೇಳುವುದಕ್ಕಿಂತ ಒಬ್ಬ ಹುಡುಗಿಯನ್ನು ವಿಧವೆ ಮಾಡುವುದು ಅವರಿಗೆ ಸುಲಭವಾಗಿತ್ತು. ನನಗೂ.

ಹೆಂಗಸರು ಸುತ್ತುವರಿದರು. ಉತ್ತಯ್ಯನ ದೊಡ್ಡತ್ತೆ ಅವಳ ಕೊರಳಿನ ಕರಿಮಣಿಗೆ ಕೈ ಹಾಕಿದರು. ದೇಚಮ್ಮ ಅಲುಗಾಡಲಿಲ್ಲ. "ಬಿಚ್ಚಿ ಅತ್ತೆ. ಆದ್ರೆ ಗಂಟು ಹೇಗಿತ್ತು ಅಂತ ನೆನಪಿಟ್ಕೊಳ್ಳಿ. ಅವರು ಬಂದ ದಿನ ನೀವೇ ಕಟ್ಟಬೇಕು" ಎಂದಳು. ನಾವು ಹೊರಡುವಾಗ ಅವಳು ಬಿಳಿ ಸೀರೆಯಲ್ಲಿದ್ದಳು.

ಆ ಮನೆಯವರು ಮರ್ಯಾದೆ ಬಿಡದೆ ಜೀಪಿಗೆ ಒಂದು ಚೀಲ ಕಿತ್ತಳೆ ಹಾಕಿದ್ದರು. ದಾರಿಯಲ್ಲಿ ಸಾಹೇಬರು ಒಂದನ್ನು ಸುಲಿದು ಬಾಯಿಗೆ ಹಾಕಿಕೊಂಡರು. "ಒಳ್ಳೆ ಸಿಹಿ ಉಂಟು. ತಗೊಳ್ಳಿ ಮಿಸ್" ಎಂದರು. ಜೀಪು ನಿಲ್ಲಿಸಲು ಹೇಳಿ ರಸ್ತೆಯ ಬದಿಯಲ್ಲಿ ವಾಂತಿ ಮಾಡಿಕೊಂಡೆ. ಘಾಟಿಯ ತಿರುವು ಹಿಡಿಸುವುದಿಲ್ಲ ಎಂದು ಅವರೇ ಕಾರಣ ಕೊಟ್ಟರು.

ಜನವರಿಯಲ್ಲಿ ಗಣರಾಜ್ಯೋತ್ಸವ. ಯುದ್ಧದ ದಿನಗಳಲ್ಲಿ ಜವಾನರಿಗೆ ಸ್ವೆಟರ್ ಹೆಣೆಯುತ್ತಿದ್ದ ಪಟ್ಟಣದ ಹೆಂಗಸರ ಕಮಿಟಿಯೊಂದು ವೀರಪತ್ನಿಯರಿಗೆ ಸನ್ಮಾನ ಇಟ್ಟುಕೊಂಡಿತು. ಕಮಿಟಿಯ ಪ್ರೆಸಿಡೆಂಟ್ ನನ್ನ ಕಾನ್ವೆಂಟಿನಲ್ಲೇ ಓದಿದವರು, ನನಗಿಂತ ಬಹಳ ಸೀನಿಯರ್. ಒಂದು ಕಾಲದಲ್ಲಿ ಅವರ ಹಾಗೆ ಸೀರೆ ಉಡಬೇಕು, ಅವರ ಹಾಗೆ ನಗಬೇಕು ಎಂದು ನನಗೆ ಆಸೆಯಿತ್ತು. ನಮ್ಮ ಆಫೀಸಿನ ಪಟ್ಟಿಯಲ್ಲಿ ಗಂಡನ ಸಾವು ಖಚಿತವಾದ ನಾಲ್ಕೇ ಹೆಸರಿದ್ದವು.

"ಐದು ಕುರ್ಚಿ ಹಾಕಿಸಿದ್ದೀವಿ ಡಿಯರ್. ನಾಲ್ಕಾದರೆ ಸ್ಟೇಜು ಬೋಳುಬೋಳು. ಆ ಕಕ್ಕಬೆ ಹುಡುಗೀನ ಕರೆಸು" ಎಂದರು. "ಎಲ್ಲರೂ ವೈಟ್‌ನಲ್ಲೇ ಬರಲಿ. ಫೋಟೋದಲ್ಲಿ ನೀಟಾಗಿರುತ್ತೆ." ಆಮೇಲೆ ದನಿ ತಗ್ಗಿಸಿ, "ಅವಳು ಅಳ್ತಾಳಾ? ಒಬ್ಬಳಾದರೂ ಅತ್ತರೆ ಎಫೆಕ್ಟ್ ಬರುತ್ತೆ" ಎಂದರು.

ಸನ್ಮಾನಪತ್ರಗಳನ್ನು ಬರೆದದ್ದು ಸಾಹೇಬರು, ಟೈಪ್ ಮಾಡಿದ್ದು ನಾನು, ಮೈಕಿನಲ್ಲಿ ಓದಬೇಕಾದವಳೂ ನಾನೇ. ನಾಲ್ಕು ಮುಗಿದವು. ಐದನೆಯದರಲ್ಲಿ, ದೇಶಕ್ಕಾಗಿ ಪ್ರಾಣ ಅರ್ಪಿಸಿದ ನಾಯಕ್ ಉತ್ತಯ್ಯನವರ ವಿಧವೆ, ಎಂದಿತ್ತು. ದೇಚಮ್ಮ ತುದಿಯ ಕುರ್ಚಿಯಲ್ಲಿ, ಮಡಿಲಲ್ಲಿ ಶಾಲು ಇಟ್ಟುಕೊಂಡು ಕೂತಿದ್ದಳು. ಎದುರು ಸಾಲಿನಲ್ಲಿ ಪಟ್ಟೆದಾರರು. ನಾನು ಕಾಗದ ಮಡಿಸಿದೆ.

"ಇವರು ನಾಯಕ್ ಉತ್ತಯ್ಯನವರ ಹೆಂಡತಿ. ಉತ್ತಯ್ಯನವರು ಕಾಣೆಯಾಗಿದ್ದಾರೆ. ಬದುಕಿದ್ದಾರೋ ಇಲ್ಲವೋ ಯಾರಿಗೂ ಗೊತ್ತಿಲ್ಲ. ತಂತಿಯನ್ನು ತಪ್ಪಾಗಿ ಹೇಳಿದವಳು ನಾನು."

ಹಿಂದಿನ ಸಾಲುಗಳಲ್ಲಿ ಯಾರೋ ಓದುವುದು ಮುಗಿಯಿತೆಂದುಕೊಂಡು ಚಪ್ಪಾಳೆ ಹೊಡೆದರು. ಅದು ಹಬ್ಬಿ ಇಡೀ ಮೈದಾನ ಚಪ್ಪಾಳೆ ಹೊಡೆಯಿತು. ಆ ಸದ್ದಿನಷ್ಟು ಅಸಹ್ಯವಾದದ್ದನ್ನು ನಾನು ಕೇಳಿಲ್ಲ. ಪ್ರೆಸಿಡೆಂಟರು ಮೈಕಿಗೆ ಕೈ ಅಡ್ಡ ಹಿಡಿದು, "ಡೋಂಟ್ ಸ್ಪಾಯಿಲ್ ದ ಫಂಕ್ಷನ್" ಎಂದರು. ನಗು ಮಾತ್ರ ಅವರ ಮುಖದಿಂದ ಜಾರಲಿಲ್ಲ, ಫೋಟೋದವನು ಎದುರಿಗಿದ್ದನಲ್ಲ. ಪಟ್ಟೆದಾರರು ಎದ್ದು ಹೋದರು. ದೇಚಮ್ಮ ಶಾಲನ್ನು ಕುರ್ಚಿಯ ಮೇಲಿಟ್ಟು ಇಳಿದು ಬಂದಳು. ನನ್ನ ಪಕ್ಕ ಒಂದು ಕ್ಷಣ ನಿಂತಳು. ಕೃತಜ್ಞತೆ ಹೇಳುತ್ತಾಳೆ ಎಂದು ನಾನು ಕಾದೆ. ನಾಚಿಕೆಗೆಟ್ಟವಳು, ಕಾದೆ.

"ಅವತ್ತೇ ಹೇಳಬೇಕಿತ್ತು ಮಿಸ್" ಎಂದಳು.

ಮಾರನೆಯ ದಿನ ನನ್ನನ್ನು ಟೈಪ್‌ರೈಟರಿನಿಂದ ಎಬ್ಬಿಸಿ ಡಿಸ್ಪ್ಯಾಚಿಗೆ ಹಾಕಿದರು, ಅಂದರೆ ಲಕೋಟೆಗೆ ಅಂಟು ಹಚ್ಚುವ ಕೆಲಸ. ದೇಚಮ್ಮನ ಪಾಡು ಅದಕ್ಕಿಂತ ಕಷ್ಟದ್ದು. ಅವಳು ಬಿಳಿ ಸೀರೆ ತೆಗೆದು ಬಣ್ಣದ್ದು ಉಟ್ಟಳು. ದೊಡ್ಡತ್ತೆ ಮಣಿ ವಾಪಸ್ಸು ಕೊಡಲಿಲ್ಲ. ಹೆಂಡತಿಯೂ ಅಲ್ಲ, ವಿಧವೆಯೂ ಅಲ್ಲ ಎಂದು ಊರವರು ಅವಳನ್ನು ಮದುವೆಗೂ ಕರೆಯಲಿಲ್ಲ, ಸಾವಿಗೂ ಕರೆಯಲಿಲ್ಲ. ಪ್ರತಿ ತಿಂಗಳೂ ಬಸ್ಸಿನಲ್ಲಿ ಮಡಿಕೇರಿಗೆ ಬರುತ್ತಿದ್ದಳು. ಅವಳ ಪರವಾಗಿ ನಾನು ಕೈಬರಹದಲ್ಲಿ ಸೈನ್ಯದ ದಾಖಲೆ ಕಚೇರಿಗೆ ಬರೆಯುತ್ತಿದ್ದೆ. ಹೆಚ್ಚಿನ ಮಾಹಿತಿ ಇಲ್ಲ ಎಂಬ ಒಂದೇ ಉತ್ತರ. "ಫೈಲ್ ಕ್ಲೋಸ್ ಮಾಡಿ ಮಿಸ್, ಧೂಳು ಹಿಡೀತಾ ಉಂಟು" ಎನ್ನುತ್ತಿದ್ದರು ಸಾಹೇಬರು. ಮರುವರ್ಷದ ಕೊನೆಗೆ ಯುದ್ಧಕೈದಿಗಳು ಹಿಂತಿರುಗಿದರು. ಅವರಲ್ಲಿ ಉತ್ತಯ್ಯ ಇರಲಿಲ್ಲ.

ಆಮೇಲೆ ಬೇರೆ ಬೇರೆ ಊರುಗಳಲ್ಲಿ ಮೂವತ್ತು ವರ್ಷ ಇದೇ ಕೆಲಸ ಮಾಡಿದೆ. ಯುದ್ಧದ ಭಾಷಣಗಳಲ್ಲಿ ವೀರಮಾತೆ, ವೀರಪತ್ನಿ ಎಂದಾಗಲೆಲ್ಲ ನಾನು ಸ್ಟೇಜಿನ ಕುರ್ಚಿಗಳನ್ನು ಎಣಿಸುತ್ತೇನೆ. ಕೆಲಸ ನನಗೆ ಕಲಿಸಿದ್ದು ಎರಡೇ. ಕಾಗದ ಯಾರ ಹೆಸರಿಗೆ ಬಂದಿದೆಯೋ ಅವರ ಕೈಯಲ್ಲೇ ಅದು ಒಡೆಯಬೇಕು. ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎಂಬ ಮಾತಿನಲ್ಲೇ ಹೇಳಬೇಕು, ಅದೂ ಜನ ಅಂಗಳಕ್ಕೆ ಹತ್ತಿಬರುವ ಮೊದಲು. ಇಷ್ಟು ಕಲಿಯಲು ಯಾವ ಕಾನ್ವೆಂಟೂ ಬೇಕಿರಲಿಲ್ಲ.

ದೇಚಮ್ಮನನ್ನು ಕೊನೆಯ ಸಲ ನೋಡಿದ್ದು ೧೯೭೩ರಲ್ಲಿ, ನನಗೆ ಮೈಸೂರಿಗೆ ವರ್ಗವಾಗುವ ಮೊದಲು. ಅವಳ ಹೆಸರಿಗೆ ನಮ್ಮ ಆಫೀಸಿನ ವಿಳಾಸದಲ್ಲಿ ಒಂದು ಲಕೋಟೆ ಬಂದಿತ್ತು. ಒಳಗೇನಿರಬಹುದೆಂದು ಸಾಹೇಬರಿಗೂ ಗೊತ್ತಿತ್ತು, ನನಗೂ. ಅದನ್ನು ಒಡೆಯದೆ ಅವಳಿಗೆ ಹೇಳಿಕಳುಹಿಸಿದೆ. ಅವಳು ಬಂದಳು. ಬಾಗಿಲು ಹಾಕಿದೆ. ಅವಳೇ ಒಡೆದು, ಕಾಗದ ಮೇಜಿನ ಮೇಲೆ ಹರಡಿ, ಮೊದಲು ತನ್ನ ಹೆಸರು ಹುಡುಕಿಕೊಂಡಳು. ಆಮೇಲೆ ನಾನು ಬೆರಳಿಟ್ಟು ಓದಿದೆ. ಪ್ರಿಸ್ಯೂಮ್ಡ್ ಕಿಲ್ಡ್.

"ಪ್ರಿಸ್ಯೂಮ್ಡ್ ಅಂದ್ರೆ?"

"ಸತ್ತಿದ್ದಾರೆ ಅಂತ ಅಂದುಕೊಳ್ಳೋದು. ಗೊತ್ತಿದ್ದು ಅಲ್ಲ."

"ಯಾರು ಅಂದ್ಕೊಳ್ಳೋದು?"

"ಸರ್ಕಾರ."

ಅವಳು ಕಾಗದವನ್ನು ಅದರ ಮಡಿಕೆಗಳಲ್ಲೇ ಮಡಿಸಿ ಚೀಲಕ್ಕೆ ಹಾಕಿಕೊಂಡಳು.

"ಸರಿ. ಅವರು ಅಂದ್ಕೊಳ್ಳಲಿ" ಎಂದಳು. ಬಾಗಿಲು ತಾನೇ ತೆಗೆದು, ಹೊರಗೆ ಬೆಂಚಿನ ಮೇಲೆ ಕಾಯುತ್ತಿದ್ದ ಹೆಂಗಸರ ಮುಂದಿನಿಂದ ಬಸ್‌ಸ್ಟ್ಯಾಂಡಿನ ಕಡೆ ನಡೆದಳು.